ಕಿಕ್ಕಿರಿದ ಇಲಿಗಳ ವರ್ತನೆ: ಕಲ್ಹೂನರ ಪ್ರಯೋಗಗಳು ನಿಜವಾಗಿ ತೋರಿಸಿದ್ದೇನು?

ಪ್ರಶ್ನೆ: ಜೀವಶಾಸ್ತ್ರ ಉಪನ್ಯಾಸಕಿ

ಎಲ್ಲರಿಗೂ ನಮಸ್ಕಾರ. ನಾನು ಪದವಿಪೂರ್ವ ಕಾಲೇಜಿನಲ್ಲಿ ಜೀವಶಾಸ್ತ್ರ ಪಾಠ ಮಾಡುತ್ತೇನೆ. ಜೀವಿಗಳ ಸಂಖ್ಯಾಬೆಳವಣಿಗೆಯ ಪಾಠ ಬಂದಾಗಲೆಲ್ಲ ವಿದ್ಯಾರ್ಥಿಗಳು ವಾಟ್ಸ್‌ಆ್ಯಪ್‌ನಲ್ಲಿ ಹರಿದಾಡುವ ಒಂದು ವಿಡಿಯೊದ ಮಾತೆತ್ತುತ್ತಾರೆ. ಅಮೆರಿಕದ ವಿಜ್ಞಾನಿಯೊಬ್ಬರು ಇಲಿಗಳಿಗೆ ಸ್ವರ್ಗದಂತಹ ಮನೆ ಕಟ್ಟಿಕೊಟ್ಟರು, ಅನ್ನ ನೀರಿಗೆ ಕೊರತೆ ಇರಲಿಲ್ಲ, ಆದರೂ ಇಲಿಗಳು ಕಿಕ್ಕಿರಿದು, ಕಚ್ಚಾಡಿ, ಮರಿಗಳನ್ನು ತಿಂದು, ಕೊನೆಗೆ ಒಂದೂ ಉಳಿಯದೆ ಅಳಿದುಹೋದವು, ನಮ್ಮ ನಗರಗಳಿಗೂ ಇದೇ ಗತಿ ಎಂಬುದು ಅದರ ಸಾರಾಂಶ.

ಪ್ರಯೋಗ ನಡೆದದ್ದು ನಿಜ, ಅದನ್ನು ನಡೆಸಿದವರು ಜಾನ್ ಕಲ್ಹೂನ್ ಎಂಬುದು ನನಗೆ ಗೊತ್ತು. ಆದರೆ ತರಗತಿಯಲ್ಲಿ ಇದನ್ನು ಹೇಗೆ ವಿವರಿಸಬೇಕು ಎಂಬುದು ತಿಳಿಯದೆ ಕೇಳುತ್ತಿದ್ದೇನೆ. ಇಲಿಗಳ ಸಾಮಾಜಿಕ ನಡವಳಿಕೆ ಕೆಟ್ಟದ್ದು ಕೇವಲ ಸಂಖ್ಯೆ ಹೆಚ್ಚಾದ ಕಾರಣದಿಂದಲೇ, ಅಥವಾ ಅವುಗಳನ್ನು ಇರಿಸಿದ್ದ ಜಾಗದ ವಿನ್ಯಾಸಕ್ಕೂ ಅದರಲ್ಲಿ ಪಾಲಿತ್ತೇ? ಬಲ್ಲವರು ವಿವರವಾಗಿ ಬರೆದರೆ ನನ್ನ ವಿದ್ಯಾರ್ಥಿಗಳಿಗೂ ಓದಿ ಹೇಳುತ್ತೇನೆ.

ಉತ್ತರ 1: ಪ್ರಾಣಿವರ್ತನೆಯ ಓದುಗ

ಮೇಡಂ, ನಿಮ್ಮ ಪ್ರಶ್ನೆಯ ಎರಡನೆಯ ಭಾಗದಲ್ಲೇ ಉತ್ತರದ ಬಹುಪಾಲು ಅಡಗಿದೆ. ವಿಡಿಯೊದಲ್ಲಿ ತೋರಿಸುವುದು ಕಲ್ಹೂನರು 1968ರಲ್ಲಿ ಆರಂಭಿಸಿದ ಪ್ರಸಿದ್ಧ ಪ್ರಯೋಗವನ್ನು ಮಾತ್ರ. ಅದಕ್ಕೆ ಇಪ್ಪತ್ತು ವರ್ಷ ಹಿಂದಿನಿಂದ ಅವರು ಮಾಡಿಕೊಂಡು ಬಂದ ಕೆಲಸವನ್ನು ಬಿಟ್ಟು ಅದೊಂದನ್ನೇ ನೋಡಿದರೆ ತಪ್ಪು ತೀರ್ಮಾನಕ್ಕೆ ಬರುವುದು ಸುಲಭ.

ಎರಡನೆಯ ಮಹಾಯುದ್ಧ ಮುಗಿದ ಮೇಲೆ ಬಾಲ್ಟಿಮೋರ್ ನಗರದ ಇಲಿಕಾಟವನ್ನು ಅಧ್ಯಯನ ಮಾಡುತ್ತಿದ್ದ ಜಾನ್ಸ್ ಹಾಪ್‌ಕಿನ್ಸ್ ವಿಶ್ವವಿದ್ಯಾಲಯದ ತಂಡವನ್ನು ಕಲ್ಹೂನ್ ಸೇರಿದರು. 1947ರಲ್ಲಿ ಮೇರಿಲ್ಯಾಂಡ್‌ನ ಟೌಸನ್‌ನಲ್ಲಿ, ತಮ್ಮ ಮನೆಯ ಹಿಂದಿನ ಕಾಲು ಎಕರೆ ಜಾಗಕ್ಕೆ ಬೇಲಿ ಹಾಕಿಸಿ, ಅದರೊಳಗೆ ಕಾಡು ಸ್ವಭಾವದ ಕಂದು ಇಲಿಗಳನ್ನು ಬಿಟ್ಟರು. ಆಹಾರ ಯಥೇಚ್ಛವಾಗಿತ್ತು, ಬೆಕ್ಕು ಗೂಬೆಗಳ ಭಯವಿರಲಿಲ್ಲ. ಬೆಳೆದ ಇಲಿಗಳು ಸಾಯುತ್ತಿದ್ದುದು ಎಷ್ಟು ಕಡಿಮೆ ಎಂದರೆ, ಮರಿ ಹಾಕುವ ವೇಗವನ್ನು ಲೆಕ್ಕ ಹಾಕಿದಾಗ ಆ ಜಾಗದಲ್ಲಿ 5,000 ಇಲಿಗಳಾದರೂ ಇರಬೇಕಾಗಿತ್ತು. ಆದರೆ 27 ತಿಂಗಳ ಕೊನೆಯಲ್ಲಿ ಸಂಖ್ಯೆ ನಿಂತದ್ದು 150ಕ್ಕೆ. ಅವು ಬಯಲಿನಲ್ಲಿ ಸಣ್ಣ ಸಣ್ಣ ಗುಂಪುಗಳಾಗಿ ಹಂಚಿಹೋಗಿ ತಮ್ಮ ತಮ್ಮ ಬಿಲಗಳನ್ನು ಮಾಡಿಕೊಂಡಿದ್ದವು. ಜಾಗವೂ ಮುಗಿದಿರಲಿಲ್ಲ, ಕಾಳೂ ಮುಗಿದಿರಲಿಲ್ಲ. ಒಂದಕ್ಕೊಂದು ಎದುರಾಗುವ ಒತ್ತಡದಿಂದ ತಾಯಿ ಇಲಿಗಳ ಪಾಲನೆ ಕೆಟ್ಟು ಮರಿಗಳು ಬದುಕುತ್ತಿರಲಿಲ್ಲ.

ಈ ಅನುಭವದ ಮೇಲೆ ಅವರು ಅಮೆರಿಕದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಂಸ್ಥೆಯಲ್ಲಿದ್ದಾಗ, ಮೇರಿಲ್ಯಾಂಡ್‌ನ ರಾಕ್‌ವಿಲ್ ಬಳಿಯ ಒಂದು ಕೊಟ್ಟಿಗೆಯಲ್ಲಿ, ಸಾಕಿದ ಬಿಳಿ ಇಲಿಗಳ ಮೇಲೆ ಪ್ರಯೋಗ ನಡೆಸಿ 1962ರಲ್ಲಿ 'ಸೈಂಟಿಫಿಕ್ ಅಮೆರಿಕನ್' ಪತ್ರಿಕೆಯಲ್ಲಿ ಪ್ರಕಟಿಸಿದರು. ನನ್ನ ದೃಷ್ಟಿಯಲ್ಲಿ ಅವರ ಅತ್ಯಂತ ಮುಖ್ಯವಾದ ಕೆಲಸ ಇದೇ, ಹಾಗಾಗಿ ಸ್ವಲ್ಪ ವಿಸ್ತಾರವಾಗಿ ಬರೆಯುತ್ತೇನೆ.

ಹತ್ತು ಅಡಿ ಅಗಲ, ಹದಿನಾಲ್ಕು ಅಡಿ ಉದ್ದದ ಕೋಣೆಯನ್ನು ವಿದ್ಯುತ್ ಹರಿಯುವ ತಡೆಗಳಿಂದ ನಾಲ್ಕು ಭಾಗ ಮಾಡಲಾಗಿತ್ತು. ಪ್ರತಿ ಭಾಗದಲ್ಲೂ ನೀರು, ಆಹಾರದ ಪೆಟ್ಟಿಗೆ, ಮೇಲೆ ಎತ್ತರದಲ್ಲಿ ಗೂಡುಪೆಟ್ಟಿಗೆಗಳು ಮತ್ತು ಅಲ್ಲಿಗೆ ಹತ್ತಲು ಸುರುಳಿ ಮೆಟ್ಟಿಲು ಇದ್ದವು. ತಡೆಗಳ ಮೇಲೆ ದಾಟಿ ಹೋಗಲು ಇಳಿಜಾರು ಸೇತುವೆಗಳಿದ್ದವು, ಆದರೆ ಒಂದನೆಯ ಭಾಗಕ್ಕೂ ನಾಲ್ಕನೆಯ ಭಾಗಕ್ಕೂ ನಡುವೆ ಸೇತುವೆ ಇರಲಿಲ್ಲ. ಇಷ್ಟರಿಂದಲೇ ಇಡೀ ಸಮಾಜದ ರೂಪ ನಿರ್ಧಾರವಾಯಿತು. ಎರಡೂ ತುದಿಯ ಭಾಗಗಳಿಗೆ ಒಂದೊಂದೇ ದಾರಿ ಇದ್ದುದರಿಂದ ಬಲಶಾಲಿ ಗಂಡಿಲಿಯೊಂದು ಆ ಸೇತುವೆಯ ಬುಡದಲ್ಲಿ ಮಲಗಿ, ಹೆಣ್ಣುಗಳನ್ನು ಓಡಾಡಲು ಬಿಟ್ಟು, ಬೇರೆ ಗಂಡುಗಳನ್ನು ಓಡಿಸಿ, ಇಡೀ ಭಾಗವನ್ನು ತನ್ನದಾಗಿಸಿಕೊಳ್ಳಲು ಸಾಧ್ಯವಾಯಿತು. ಅಲ್ಲಿಂದ ಹೊರಬಿದ್ದವೆಲ್ಲ ನಡುವಿನ ಎರಡು ಭಾಗಗಳಲ್ಲಿ ಸೇರಿಕೊಂಡವು. 48 ಇಲಿಗಳಿಗೆ ಸಾಕಾಗುವ ಕೋಣೆಯಲ್ಲಿ 80 ಇದ್ದವು, ಮತ್ತು ಅವುಗಳಲ್ಲಿ ಹೆಚ್ಚಿನವು ನಡುವೆಯೇ ಇದ್ದವು.

ಅದಕ್ಕಿಂತ ಸೂಕ್ಷ್ಮವಾದ ಸಂಗತಿ ಆಹಾರದ್ದು. ಮೊದಲ ಸರಣಿಯಲ್ಲಿ ಗಟ್ಟಿ ಉಂಡೆಗಳನ್ನು ತಂತಿಬಲೆಯ ಹಿಂದೆ ಇರಿಸಲಾಗಿತ್ತು. ಅದನ್ನು ಕೆರೆದು ತಿನ್ನಲು ಬಹಳ ಹೊತ್ತು ಬೇಕು, ಆದ್ದರಿಂದ ಒಂದು ಇಲಿ ತಿನ್ನುತ್ತಿರುವಾಗ ಪಕ್ಕಕ್ಕೆ ಇನ್ನೊಂದು ಬಂದೇ ಬರುತ್ತಿತ್ತು. ಕ್ರಮೇಣ ಜೊತೆಯಲ್ಲಿ ಬೇರೆ ಇಲಿಗಳಿದ್ದರೆ ಮಾತ್ರ ತಿನ್ನುವುದು ಎಂಬ ಅಭ್ಯಾಸ ಬೆಳೆಯಿತು. ನಾಲ್ಕು ಕಡೆ ಒಂದೇ ಆಹಾರವಿದ್ದರೂ ಊಟದ ಹೊತ್ತಿಗೆ 80ರಲ್ಲಿ 60 ಇಲಿಗಳವರೆಗೆ ಒಂದೇ ಭಾಗಕ್ಕೆ ಬಂದು ಸೇರುತ್ತಿದ್ದವು. ಕಲ್ಹೂನ್ 'ಬಿಹೇವಿಯರಲ್ ಸಿಂಕ್' ಎಂದು ಕರೆದದ್ದು ಇದನ್ನೇ. ಎರಡನೆಯ ಸರಣಿಯಲ್ಲಿ ಆಹಾರವನ್ನು ಹಿಟ್ಟಾಗಿ ತೆರೆದಿಟ್ಟು ಬೇಗ ತಿಂದು ಮುಗಿಸುವಂತೆ ಮಾಡಿದಾಗ ಈ ಗುಂಪುಗೂಡುವಿಕೆ ಅಷ್ಟು ತೀವ್ರವಾಗಲಿಲ್ಲ. ಸಿಂಕ್ ಬೆಳೆದ ಸರಣಿಯಲ್ಲಿ ಮರಿಗಳ ಸಾವು ಶೇಕಡ 96ರವರೆಗೆ ಹೋದರೆ, ಇನ್ನೊಂದರಲ್ಲಿ ಅದು ಶೇಕಡ 80ರಷ್ಟಿತ್ತು. ಎರಡೂ ಭೀಕರವೇ. ಆದರೆ ಒಟ್ಟು ಸಂಖ್ಯೆ ಅಷ್ಟೇ ಇದ್ದಾಗಲೂ ಕಾಳು ಹಾಕುವ ರೀತಿ ಬದಲಾದ ಮಾತ್ರಕ್ಕೆ ವರ್ತನೆ ಬದಲಾಯಿತು ಎಂಬುದನ್ನು ನಿಮ್ಮ ವಿದ್ಯಾರ್ಥಿಗಳು ಗಮನಿಸಬೇಕು.

ನಡುವಿನ ಭಾಗಗಳಲ್ಲಿ ಕೆಟ್ಟದ್ದು ಯಾವುದು? ತಾಯ್ತನ ಮೊದಲು ಕೆಟ್ಟಿತು. ಸಾಮಾನ್ಯವಾಗಿ ಬಸುರಿ ಇಲಿ ಕಾಗದದ ಚೂರುಗಳನ್ನು ಹೊತ್ತು ತಂದು ಬಟ್ಟಲಿನ ಆಕಾರದ ಗೂಡು ಕಟ್ಟುತ್ತದೆ. ಇಲ್ಲಿ ಚೂರನ್ನು ಬಾಯಲ್ಲಿ ಕಚ್ಚಿ ಹೊರಟ ತಾಯಿ ದಾರಿಯಲ್ಲಿ ಬೇರೆ ಇಲಿಗಳು ಎದುರಾದಾಗ ಅದನ್ನು ಅಲ್ಲೇ ಬಿಟ್ಟು ಹೋಗುತ್ತಿತ್ತು, ಮುಂದೆ ಗೂಡು ಕಟ್ಟುವುದನ್ನೇ ನಿಲ್ಲಿಸಿ ಪೆಟ್ಟಿಗೆಯ ತಳದ ಮರದ ಹೊಟ್ಟಿನ ಮೇಲೆಯೇ ಮರಿ ಹಾಕುತ್ತಿತ್ತು. ಅಪಾಯ ಕಂಡಾಗ ಮರಿಗಳನ್ನು ಒಂದೊಂದಾಗಿ ಕಚ್ಚಿಕೊಂಡು ಬೇರೆಡೆಗೆ ಸಾಗಿಸುವುದು ತಾಯಿ ಇಲಿಯ ಸಹಜ ಗುಣ. ಇಲ್ಲಿ ಅದು ಅರ್ಧ ಮರಿಗಳನ್ನು ಸಾಗಿಸಿ ಉಳಿದವನ್ನು ಮರೆತುಬಿಡುತ್ತಿತ್ತು, ಇಲ್ಲವೇ ನಡುದಾರಿಯಲ್ಲಿ ಕೆಳಗೆ ಹಾಕಿ ಹೋಗುತ್ತಿತ್ತು. ಬಿದ್ದ ಮರಿ ಬಿದ್ದಲ್ಲೇ ಸಾಯುತ್ತಿತ್ತು, ದೊಡ್ಡ ಇಲಿಗಳಿಗೆ ಆಹಾರವಾಗುತ್ತಿತ್ತು.

ಗಂಡುಗಳ ಕಥೆ ಬೇರೆ. ಹೆಣ್ಣನ್ನು ಅಟ್ಟಿಸಿಕೊಂಡು ಬಂದ ಗಂಡು ಬಿಲದ ಬಾಯಲ್ಲಿ ನಿಂತು, ಕುಣಿದಂತೆ ಓಡಾಡಿ, ಹೆಣ್ಣು ತಾನಾಗಿ ಹೊರಬರುವವರೆಗೆ ಕಾಯುವುದು ಕಂದು ಇಲಿಗಳ ಪದ್ಧತಿ. ನಡುವಿನ ಭಾಗದ ಕೆಲವು ಗಂಡುಗಳು ಈ ಕಾಯುವಿಕೆಯನ್ನು ಬಿಟ್ಟು ಬಿಲದ ಒಳಗೇ ನುಗ್ಗಿದವು. ಇನ್ನು ಕೆಲವು ಯಾವುದರಲ್ಲೂ ಸೇರದೆ, ಎಲ್ಲ ಮಲಗಿದ್ದಾಗ ಎದ್ದು ನಿದ್ದೆಗಣ್ಣಿನಲ್ಲಿ ನಡೆದಾಡುವಂತೆ ಓಡಾಡುತ್ತಿದ್ದವು. ಅದೇ ಕೋಣೆಯ ತುದಿಯ ಭಾಗಗಳಲ್ಲಿ, ಅದೇ ತಳಿಯ ಇಲಿಗಳು ಗೂಡು ಕಟ್ಟಿ ಮರಿ ಸಾಕುತ್ತಿದ್ದವು. ನನಗೆ ಈ ಪ್ರಯೋಗದಲ್ಲಿ ಎಲ್ಲಕ್ಕಿಂತ ಅರ್ಥಪೂರ್ಣವಾಗಿ ಕಂಡದ್ದು ಇದು.

ಉತ್ತರ 2: ಪ್ರಾಣಿಗೃಹದ ಪಶುವೈದ್ಯ

ಮೇಲಿನ ಸರ್ ಬರೆದದ್ದಕ್ಕೆ ಒಂದೆರಡು ಮಾತು ಸೇರಿಸುತ್ತೇನೆ. ಸಂಶೋಧನೆಗೆ ಸಾಕುವ ಇಲಿಗಳನ್ನು ನೋಡಿಕೊಳ್ಳುವುದು ನನ್ನ ಕೆಲಸವಾದ್ದರಿಂದ ದಟ್ಟಣೆಯ ಪ್ರಶ್ನೆ ನಮಗೆ ದಿನನಿತ್ಯದ್ದು.

ಪಂಜರದಲ್ಲಿ ಬೆಳೆದ ಪ್ರತಿ ಚಿಟ್ಟಿಲಿಗೆ ಸುಮಾರು 97 ಚದರ ಸೆಂಟಿಮೀಟರ್ ನೆಲ ಇರಬೇಕೆಂಬುದು ಹಲವೆಡೆ ಪಾಲಿಸುವ ಅಳತೆ. ಆದರೆ ಆ ಅಳತೆಯನ್ನು ಪಾಲಿಸಿದ ಮಾತ್ರಕ್ಕೆ ಜಗಳ ನಿಲ್ಲುವುದಿಲ್ಲ. ಒಂದೇ ಸೂಲಿನಲ್ಲಿ ಹುಟ್ಟಿ, ಹಾಲು ಬಿಡಿಸಿದಂದಿನಿಂದ ಒಟ್ಟಿಗೇ ಇರುವ ಗಂಡುಗಳು ಇಕ್ಕಟ್ಟಿನ ಪಂಜರದಲ್ಲೂ ಒಂದರ ಮೇಲೊಂದು ಮಲಗಿ ನಿದ್ರಿಸುತ್ತವೆ. ಎರಡು ಬೇರೆ ಪಂಜರಗಳ ಬೆಳೆದ ಗಂಡುಗಳನ್ನು ವಿಶಾಲವಾದ ಪಂಜರದಲ್ಲಿ ಕೂಡಿಹಾಕಿ ನೋಡಿ, ಬೆಳಗಾಗುವಷ್ಟರಲ್ಲಿ ಬಾಲದ ಮೇಲೂ ಬೆನ್ನಿನ ಹಿಂಭಾಗದಲ್ಲೂ ಕಚ್ಚಿದ ಗಾಯಗಳಾಗಿರುತ್ತವೆ. ಗಾಯ ಎಲ್ಲಿದೆ ಎಂಬುದರಿಂದಲೇ ನಮಗೆ ಕಥೆ ತಿಳಿಯುತ್ತದೆ, ಏಕೆಂದರೆ ಬೆನ್ನು ಬಾಲದಲ್ಲಿ ಗಾಯವಾದದ್ದು ಓಡಿಹೋಗಲು ಯತ್ನಿಸಿದ ಇಲಿ, ಮತ್ತು ಪಂಜರದಲ್ಲಿ ಅದಕ್ಕೆ ಓಡಿಹೋಗಲು ಎಡೆಯಿಲ್ಲ. ನೆದರ್‌ಲೆಂಡ್ಸ್‌ನಲ್ಲಿ ಗಂಡು ಚಿಟ್ಟಿಲಿಗಳ ಮೇಲೆ ನಡೆದ ಅಧ್ಯಯನಗಳಲ್ಲಿ ಪಂಜರದ ಅಗಲಕ್ಕಿಂತ ಗುಂಪಿನ ಗಾತ್ರವೇ ಜಗಳವನ್ನು ಹೆಚ್ಚಿಸುತ್ತದೆ, ಮೂರರ ಗುಂಪು ಎಂಟರ ಗುಂಪಿಗಿಂತ ಶಾಂತವಾಗಿರುತ್ತದೆ ಎಂದು ಕಂಡುಬಂದಿದೆ.

ವಾಸನೆಯ ಪಾತ್ರವನ್ನೂ ಮರೆಯಬಾರದು. ಪಂಜರ ಸ್ವಚ್ಛ ಮಾಡುವಾಗ ಹಳೆಯ ಗೂಡಿನ ಹತ್ತಿಯನ್ನು ಹೊಸ ಪಂಜರಕ್ಕೆ ಹಾಕಿದರೆ ಜಗಳ ಕಡಿಮೆಯಾಗುತ್ತದೆ, ಆದರೆ ಮೂತ್ರ ಬಿದ್ದ ಹಳೆಯ ಹೊಟ್ಟನ್ನು ಹಾಕಿದರೆ ಜಗಳ ಹೆಚ್ಚುತ್ತದೆ. ದಟ್ಟಣೆಯಲ್ಲಿ ಬೆಳೆದ ಹೆಣ್ಣು ಚಿಟ್ಟಿಲಿಗಳ ಮೂತ್ರದಲ್ಲಿರುವ ರಾಸಾಯನಿಕ ಸಂಕೇತವು ಎಳೆಯ ಹೆಣ್ಣುಗಳು ಪ್ರಾಯಕ್ಕೆ ಬರುವುದನ್ನೇ ತಡಮಾಡುತ್ತದೆ. ಅಪರಿಚಿತ ಗಂಡಿನ ವಾಸನೆಗೆ ಆಗತಾನೆ ಬಸಿರಾದ ಹೆಣ್ಣಿನ ಗರ್ಭ ನಿಲ್ಲದೆ ಹೋಗುತ್ತದೆ ಎಂಬುದನ್ನು ಹಿಲ್ಡಾ ಬ್ರೂಸ್ 1959ರಲ್ಲಿ ತೋರಿಸಿಕೊಟ್ಟರು. ಕಿಕ್ಕಿರಿದ ಕಡೆ ಕಚ್ಚಾಟ ಕಾಣದಿದ್ದರೂ ಸಂತಾನ ಕುಗ್ಗಲು ಇಂತಹ ದಾರಿಗಳಿವೆ. 1950ರ ದಶಕದಲ್ಲಿ ಜಾನ್ ಕ್ರಿಶ್ಚಿಯನ್ ಅವರು ಸಂಖ್ಯೆ ಹೆಚ್ಚಿದಂತೆ ಚಿಟ್ಟಿಲಿಗಳಲ್ಲಿ ಒತ್ತಡದ ಹಾರ್ಮೋನು ಸ್ರವಿಸುವ ಅಡ್ರಿನಲ್ ಗ್ರಂಥಿ ದೊಡ್ಡದಾಗುವುದನ್ನು ತೂಕ ಮಾಡಿ ತೋರಿಸಿದ್ದರು. ಆದರೆ ಕೆಳಗಿನ ಸ್ಥಾನಕ್ಕೆ ತಳ್ಳಲ್ಪಟ್ಟ ಇಲಿಯ ಮೇಲೆ ಈ ಒತ್ತಡ ಹೆಚ್ಚು, ಯಜಮಾನ ಗಂಡಿನ ಮೇಲೆ ಕಡಿಮೆ ಎಂಬುದು ಗಮನಾರ್ಹ.

ದಟ್ಟಣೆ ಕೆಟ್ಟದ್ದು ಎಂದು ಇಲಿಯನ್ನು ಒಂಟಿಯಾಗಿ ಇಡುವುದೂ ಪರಿಹಾರವಲ್ಲ ಎಂಬುದನ್ನು ವಿದ್ಯಾರ್ಥಿಗಳಿಗೆ ದಯವಿಟ್ಟು ಹೇಳಿ. ಇಲಿ ಸಂಘಜೀವಿ. ಒಂಟಿಯಾಗಿ ಬೆಳೆದ ಮರಿ ಮುಂದೆ ಗುಂಪಿಗೆ ಹೊಂದಿಕೊಳ್ಳಲು ಕಷ್ಟಪಡುತ್ತದೆ. ಬಂಧುಗಳಾದ ಹೆಣ್ಣು ಚಿಟ್ಟಿಲಿಗಳು ಒಂದೇ ಗೂಡಿನಲ್ಲಿ ಮರಿ ಹಾಕಿ ಪರಸ್ಪರರ ಮರಿಗಳಿಗೂ ಹಾಲೂಡಿಸುವುದನ್ನು ನಾನು ಎಷ್ಟೋ ಸಲ ಕಂಡಿದ್ದೇನೆ. ಅಷ್ಟು ಒತ್ತಾಗಿ ಬಾಳುವುದು ಅವಕ್ಕೆ ಬೇಕಾದದ್ದೇ.

ಮರುಪ್ರಶ್ನೆ: ಜೀವಶಾಸ್ತ್ರ ಉಪನ್ಯಾಸಕಿ

ಇಬ್ಬರಿಗೂ ತುಂಬಾ ಧನ್ಯವಾದಗಳು. ಸೇತುವೆಗಳ ವಿಷಯವನ್ನು ನಾನು ಎಲ್ಲೂ ಓದಿರಲಿಲ್ಲ. ಕಪ್ಪುಹಲಗೆಯ ಮೇಲೆ ಆ ಕೋಣೆಯ ಚಿತ್ರ ಬರೆದು, ಯಾವ ಭಾಗದಲ್ಲಿ ಏನಾಗಬಹುದು ಎಂದು ಮೊದಲು ವಿದ್ಯಾರ್ಥಿಗಳಿಂದಲೇ ಊಹೆ ಮಾಡಿಸಬೇಕೆಂದಿದ್ದೇನೆ. ಇನ್ನೆರಡು ಸಂದೇಹಗಳಿವೆ. ವಿಡಿಯೊದಲ್ಲಿರುವ 'ಯೂನಿವರ್ಸ್ 25' ಎಂಬ ಪ್ರಯೋಗದಲ್ಲೂ ಹೀಗೆಯೇ ನಡೆಯಿತೇ? ಹೊಲಗದ್ದೆಗಳಲ್ಲಿ ಸ್ವತಂತ್ರವಾಗಿರುವ ಇಲಿಗಳ ಸಂಖ್ಯೆ ಏರಿದಾಗ ಇಂತಹ ವರ್ತನೆ ಏಕೆ ಕಾಣುವುದಿಲ್ಲ?

ಉತ್ತರ 3: ಕೃಷಿ ಪ್ರಾಣಿಶಾಸ್ತ್ರ

ಎರಡನೆಯ ಸಂದೇಹದಿಂದಲೇ ಶುರುಮಾಡುತ್ತೇನೆ, ಏಕೆಂದರೆ ಮೊದಲನೆಯದಕ್ಕೂ ಅದೇ ಕೀಲಿ.

1960ರ ದಶಕದ ಕೊನೆಯಲ್ಲಿ ಚಾರ್ಲ್ಸ್ ಕ್ರೆಬ್ಸ್ ಮತ್ತು ಸಂಗಡಿಗರು ಅಮೆರಿಕದ ಇಂಡಿಯಾನಾದ ಹುಲ್ಲುಗಾವಲುಗಳಲ್ಲಿ ವೋಲ್ ಎಂಬ ಗಿಡ್ಡ ಬಾಲದ ಹುಲ್ಲಿಲಿಗಳನ್ನು ಅಧ್ಯಯನ ಮಾಡಿದರು. ಕೆಲವು ತುಣುಕುಗಳಿಗೆ ಇಲಿ ದಾಟದಂತೆ ಬೇಲಿ ಹಾಕಿ, ಕೆಲವನ್ನು ಹಾಗೆಯೇ ತೆರೆದು ಬಿಟ್ಟರು. ಬೇಲಿಯೊಳಗಿನ ಸಂಖ್ಯೆ ತೆರೆದ ಬಯಲಿನ ಸಂಖ್ಯೆಗಿಂತ ಹಲವು ಪಟ್ಟು ಏರಿತು, ಹುಲ್ಲೆಲ್ಲ ಸವೆದುಹೋಗಿ ಇಲಿಗಳು ಹಸಿವಿಗೆ ಸಿಕ್ಕಿ ಸಂಖ್ಯೆ ಕುಸಿಯಿತು. ತೆರೆದ ಬಯಲಿನಲ್ಲಿ ಹಾಗಾಗಲಿಲ್ಲ. ಅಲ್ಲಿ ಎಳೆಯ ಇಲಿಗಳೂ ಸೋತ ಇಲಿಗಳೂ ಎದ್ದು ಹೊರಟುಬಿಡುತ್ತಿದ್ದವು. ಹೊರಟವುಗಳಲ್ಲಿ ಎಷ್ಟೋ ಹದ್ದು ನರಿಗಳ ಪಾಲಾಗುತ್ತವೆ ಎಂಬುದು ನಿಜ, ಆದರೆ ಉಳಿದವುಗಳ ಸಮಾಜ ಕೆಡುವುದಿಲ್ಲ.

ನಮ್ಮ ಭತ್ತದ ಗದ್ದೆಗಳ ಸಣ್ಣ ಹೆಗ್ಗಣವನ್ನೇ ನೋಡಿ. ಬಹಳ ಜಗಳಗಂಟ ಪ್ರಾಣಿ ಅದು. ಬದುವಿನ ಬಿಲವೊಂದರಲ್ಲಿ ಸಾಮಾನ್ಯವಾಗಿ ಬೆಳೆದ ಹೆಗ್ಗಣ ಒಂದೇ ಇರುತ್ತದೆ, ಇಲ್ಲವೇ ತಾಯಿ ಮತ್ತು ಮರಿಗಳಿರುತ್ತವೆ. ಕೊಯ್ಲಿನ ಕಾಲಕ್ಕೆ ಬಿಲ ಅಗೆದರೆ ಒಳಗಿನ ಉಗ್ರಾಣದಲ್ಲಿ ಕತ್ತರಿಸಿ ಒಟ್ಟಿದ ತೆನೆಗಳು ಸಿಗುತ್ತವೆ. ಅದೇ ಜಾತಿಯ ಹೆಗ್ಗಣ ಕೋಲ್ಕತ್ತದ ಧಾನ್ಯದ ಗೋದಾಮುಗಳಲ್ಲಿ ಎಷ್ಟೋ ದಟ್ಟವಾಗಿ ಬಾಳುತ್ತದೆ ಎಂಬುದನ್ನು 1960ರ ದಶಕದಲ್ಲಿ ಜುವಾನ್ ಸ್ಪಿಲೆಟ್ ಅಧ್ಯಯನ ಮಾಡಿದ್ದರು. ಅಲ್ಲಿ ಮೂಟೆಗಳ ಸಂದಿಗಳು ಲೆಕ್ಕವಿಲ್ಲದಷ್ಟಿವೆ, ತಿನ್ನಲು ಒಂದೇ ಜಾಗಕ್ಕೆ ಬರಬೇಕಾಗಿಲ್ಲ.

ಇನ್ನು ಯೂನಿವರ್ಸ್ 25. ಇದು 1968ರ ಜುಲೈನಲ್ಲಿ ನಾಲ್ಕು ಜೋಡಿ ಬಿಳಿ ಚಿಟ್ಟಿಲಿಗಳಿಂದ ಆರಂಭವಾಯಿತು. ಸುಮಾರು 2.57 ಮೀಟರ್ ಚೌಕದ ತೊಟ್ಟಿ, ಇಲಿ ಹತ್ತಿ ಹಾರಲಾಗದ 1.37 ಮೀಟರ್ ಎತ್ತರದ ಗೋಡೆ, ಗೋಡೆಗಂಟಿದ 256 ಗೂಡುಪೆಟ್ಟಿಗೆಗಳು. ಪೆಟ್ಟಿಗೆಗೆ ಹದಿನೈದರಂತೆ 3,840 ಇಲಿಗಳಿಗೆ ಆಸರೆಯಿತ್ತು. ಮೊದಲು ಸುಮಾರು 55 ದಿನಕ್ಕೊಮ್ಮೆ ಸಂಖ್ಯೆ ಇಮ್ಮಡಿಯಾಗುತ್ತಿತ್ತು. 315ನೆಯ ದಿನ 620 ಆದ ಮೇಲೆ ಆ ವೇಗ ಇಳಿದು ಇಮ್ಮಡಿಯಾಗಲು 145 ದಿನ ಬೇಕಾಯಿತು. 560ನೆಯ ದಿನ 2,200 ತಲುಪಿ ಅಲ್ಲಿಗೆ ನಿಂತಿತು. ನೆಲದ ಲೆಕ್ಕದಲ್ಲಿ ಹೇಳುವುದಾದರೆ ಇಲಿಯೊಂದಕ್ಕೆ 30 ಚದರ ಸೆಂಟಿಮೀಟರ್, ಅಂದರೆ ಪಶುವೈದ್ಯರು ಹೇಳಿದ ಅಳತೆಯ ಮೂರನೆಯ ಒಂದು ಪಾಲು. ಇಲಿಗಳು ಗೋಡೆಯನ್ನೂ ಪೆಟ್ಟಿಗೆಗಳನ್ನೂ ಬಳಸುತ್ತಿದ್ದುದರಿಂದ ಇದು ಪೂರ್ಣ ಚಿತ್ರವಲ್ಲ. ಆ ಉತ್ಕರ್ಷದ ಕಾಲದಲ್ಲೂ ಅನೇಕ ಪೆಟ್ಟಿಗೆಗಳು ಖಾಲಿಯಾಗಿಯೇ ಇದ್ದವು.

ಸಮಸ್ಯೆ ಮೊಳೆತದ್ದು 315ನೆಯ ದಿನದ ಸುಮಾರಿಗೆ. ಆಗ ಸರಹದ್ದು ಹಿಡಿದು ನೆಲೆನಿಂತ ವಯಸ್ಕ ಇಲಿಗಳು 150 ಇದ್ದರೆ, ಬೆಳೆಯುತ್ತಿದ್ದ ಎಳೆಯವು 470 ಇದ್ದವು. ಕಾಡಿನಲ್ಲಾದರೆ ಈ ಎಳೆಯ ಗಂಡುಗಳಲ್ಲಿ ಬಹುಪಾಲು ಊರು ಬಿಡುತ್ತಿದ್ದವು. ಇಲ್ಲಿ ಬಿಡಲು ಬೇರೆ ಊರಿರಲಿಲ್ಲ, ಹಿರಿಯರು ವಯಸ್ಸಾಗಿ ಸಾಯುವುದೂ ತಡವಾಗಿತ್ತು. ಜಾಗ ಸಿಗದ ಗಂಡುಗಳು ತೊಟ್ಟಿಯ ನಡುನೆಲದಲ್ಲಿ ಗುಂಪುಗೂಡಿ ಸುಮ್ಮನೆ ಬಿದ್ದಿರುತ್ತಿದ್ದವು, ಒಮ್ಮೊಮ್ಮೆ ಕಾರಣವಿಲ್ಲದೆ ಪರಸ್ಪರ ಕಚ್ಚಾಡುತ್ತಿದ್ದವು. ಸರಹದ್ದಿನ ಗಂಡುಗಳು ಕಾದಾಡಿ ದಣಿದು ಕಾವಲು ಬಿಟ್ಟವು. ಆಗ ಹಾಲೂಡಿಸುವ ತಾಯಂದಿರೇ ಗೂಡು ಕಾಯಲು ನಿಂತವು, ಆ ಉಗ್ರತೆ ಸ್ವಂತ ಮರಿಗಳ ಮೇಲೂ ತಿರುಗಿ ಅವನ್ನು ಅವಧಿಗೆ ಮುಂಚೆಯೇ ಹೊರದಬ್ಬಿದವು. ಸುಮಾರು 600ನೆಯ ದಿನದ ನಂತರ ಹುಟ್ಟಿದ ಯಾವ ಮರಿಯೂ ಬದುಕುಳಿಯಲಿಲ್ಲ.

ಇದರ ಮಿತಿಯನ್ನೂ ಹೇಳಬೇಕು. ನಾಲ್ಕೇ ಜೋಡಿಯಿಂದ, ಅದೂ ಒಳಸಂತಾನದಿಂದ ಬೆಳೆಸಿದ ಒಂದೇ ತಳಿಯಿಂದ, ಒಂದೇ ತೊಟ್ಟಿಯಲ್ಲಿ ನಡೆದ ಪ್ರಯೋಗ ಅದು. ಪ್ರಾಣಿಜಗತ್ತಿನ ನಿಯಮವೆಂದು ಅದನ್ನು ಸಾರುವುದು ಸರಿಯಲ್ಲ.

ಉತ್ತರ 4: ಮನಃಶಾಸ್ತ್ರದ ವಿದ್ಯಾರ್ಥಿನಿ

ನಗರಗಳ ಮಾತು ಬಂದದ್ದರಿಂದ ಚಿಕ್ಕದಾಗಿ ಬರೆಯುತ್ತೇನೆ. ಕಲ್ಹೂನರ ಲೇಖನ ಹೊರಬಂದ ಮೇಲೆ ಮನುಷ್ಯರ ಮೇಲೂ ಅಧ್ಯಯನಗಳು ನಡೆದವು. ಜೊನಾಥನ್ ಫ್ರೀಡ್‌ಮನ್ 1970ರ ದಶಕದಲ್ಲಿ ಜನರನ್ನು ಸಣ್ಣ ಮತ್ತು ದೊಡ್ಡ ಕೋಣೆಗಳಲ್ಲಿ ಕೂರಿಸಿ ಕೆಲಸ ಮಾಡಿಸಿದಾಗ, ಇಕ್ಕಟ್ಟಿನಿಂದ ಮಾತ್ರವೇ ಕೆಲಸವೂ ಕೆಡಲಿಲ್ಲ, ಸ್ವಭಾವವೂ ಒಂದೇ ದಿಕ್ಕಿನಲ್ಲಿ ಕೆಡಲಿಲ್ಲ. ಸನ್ನಿವೇಶ ಮೊದಲೇ ಹಿತವಾಗಿದ್ದರೆ ದಟ್ಟಣೆ ಆ ಹಿತವನ್ನು ಹೆಚ್ಚಿಸುತ್ತದೆ, ಅಹಿತವಾಗಿದ್ದರೆ ಅಹಿತವನ್ನು ಹೆಚ್ಚಿಸುತ್ತದೆ ಎಂಬುದು ಅವರ ನಿಲುವು. ಮಂಗಗಳಲ್ಲಿಯೂ ಫ್ರಾನ್ಸ್ ಡಿ ವಾಲ್ ಮತ್ತು ಸಂಗಡಿಗರು, ಇಕ್ಕಟ್ಟಾದಾಗ ಅವು ಒಂದರ ಮೈ ಇನ್ನೊಂದು ಹೆಕ್ಕುವುದನ್ನು ಹೆಚ್ಚು ಮಾಡಿ ಜಗಳವನ್ನು ತಡೆದುಕೊಳ್ಳುತ್ತವೆ ಎಂದು ಗಮನಿಸಿದ್ದಾರೆ. ಆದ್ದರಿಂದ ಇಲಿಯ ತೊಟ್ಟಿಯಿಂದ ನೇರವಾಗಿ ಮಹಾನಗರಕ್ಕೆ ಜಿಗಿಯುವ ವಿಡಿಯೊಗಳನ್ನು ತರಗತಿಯಲ್ಲಿ ಪ್ರಶ್ನಿಸಲೇಬೇಕು ಎಂದು ನನಗೆ ಬಲವಾಗಿ ಅನ್ನಿಸುತ್ತದೆ. ಕೊಳೆಗೇರಿಯಲ್ಲಿ ಬಾಳುವವರ ಬಗ್ಗೆ ಅಂತಹ ವಿಡಿಯೊಗಳು ಬಿತ್ತುವ ಭಾವನೆ ಅನ್ಯಾಯದ್ದು.

ಉತ್ತರ 5: ಪ್ರಾಣಿವರ್ತನೆಯ ಓದುಗ

ಎಲ್ಲರೂ ಚೆನ್ನಾಗಿ ಬರೆದಿದ್ದೀರಿ. ವಿಡಿಯೊಗಳಲ್ಲಿ 'ಸುಂದರರು' ಎಂದು ತೋರಿಸುವ ಇಲಿಗಳ ವಿಚಾರ ಉಳಿದಿತ್ತು, ಮೇಡಂ. ಯೂನಿವರ್ಸ್ 25ರ ಕೊನೆಯ ಪೀಳಿಗೆಯ ಈ ಗಂಡುಗಳು ಜಗಳಕ್ಕೂ ಹೋಗುತ್ತಿರಲಿಲ್ಲ, ಹೆಣ್ಣಿನ ಬಳಿಗೂ ಹೋಗುತ್ತಿರಲಿಲ್ಲ. ತಿನ್ನುವುದು, ಕುಡಿಯುವುದು, ಮಲಗುವುದು, ಮೈ ನೆಕ್ಕಿಕೊಳ್ಳುವುದು, ಇಷ್ಟೇ. ಮೈಮೇಲೆ ಒಂದೂ ಗಾಯವಿಲ್ಲದೆ ತುಪ್ಪಳ ನುಣುಪಾಗಿದ್ದುದರಿಂದ ಕಲ್ಹೂನ್ ಅವಕ್ಕೆ ಆ ಹೆಸರಿಟ್ಟರು. ಈ ಹೆಸರನ್ನು ಹಿಡಿದು ಇಂದಿನ ಯುವಜನರನ್ನು ಹೀಯಾಳಿಸುವ ವಿಡಿಯೊಗಳೂ ಇವೆ. ಅವುಗಳಲ್ಲಿ ಇಲಿಗಳ ಬಾಲ್ಯದ ಪ್ರಸ್ತಾಪವೇ ಇರುವುದಿಲ್ಲ.

ಅವು ಹಾಗಾದದ್ದು ಬೆಳೆದ ಮೇಲಿನ ಇಕ್ಕಟ್ಟಿನಿಂದಲೇ, ಅಥವಾ ಬೆಳೆದ ರೀತಿಯಿಂದಲೇ ಎಂಬುದನ್ನು ಪರೀಕ್ಷಿಸಲು ಕಲ್ಹೂನರ ಸಹೋದ್ಯೋಗಿ ಹಾಲ್ಸಿ ಮಾರ್ಸ್‌ಡನ್ ಇಂತಹ ಇಲಿಗಳನ್ನು ದಟ್ಟಣೆಯಿಲ್ಲದ ಹೊಸ ಆವರಣಗಳಿಗೆ ಬಿಟ್ಟರು. ಅಲ್ಲೂ ಅವು ಗುಂಪು ಕಟ್ಟಲಿಲ್ಲ. ಸಾಮಾನ್ಯ ಸ್ಥಿತಿಯಲ್ಲಿ ಬೆಳೆದ ಜೊತೆಗಾರರನ್ನು ಕೊಟ್ಟಾಗಲೂ ಸಂತಾನಕ್ಕೆ ಬೇಕಾದ ನಡವಳಿಕೆ ಮೂಡಲಿಲ್ಲ. ಅವಧಿಗೆ ಮುಂಚೆ ತಾಯಿಯಿಂದ ದೂಡಿಸಿಕೊಂಡು, ಕಲಿಯುವ ವಯಸ್ಸಿನಲ್ಲಿ ಪ್ರತಿ ಹೆಜ್ಜೆಗೂ ಯಾರಾದರೂ ಅಡ್ಡ ಬಂದು ಯಾವ ವರ್ತನೆಯೂ ಪೂರ್ಣವಾಗದೆ ಬೆಳೆದ ಮರಿಗೆ ಮುಂದೆ ಜಾಗ ಸಿಕ್ಕರೂ ಅದು ಸಾಲದಾಯಿತು. ಕಲ್ಹೂನ್ ಅವರು ಅನಂತರದ ವರ್ಷಗಳಲ್ಲಿ, ದಟ್ಟಣೆಯಿದ್ದರೂ ಇಲಿಗಳು ಇಂತಹ ಅಡಚಣೆಯಿಲ್ಲದೆ ಬಾಳುವಂತಹ ವಾಸಸ್ಥಾನವನ್ನು ಹೇಗೆ ರೂಪಿಸಬಹುದು ಎಂದು ಹುಡುಕುತ್ತಿದ್ದರು. ನೀವು ಬರೆಸಬೇಕೆಂದಿರುವ ಆ ಕೋಣೆಯ ಚಿತ್ರದಲ್ಲಿ ಇನ್ನೊಂದು ಸೇತುವೆಯನ್ನು, ಒಂದನೆಯ ಮತ್ತು ನಾಲ್ಕನೆಯ ಭಾಗಗಳ ನಡುವೆ, ಹಾಕಿದರೆ ಏನಾಗುತ್ತಿತ್ತು ಎಂದೂ ವಿದ್ಯಾರ್ಥಿಗಳನ್ನು ಕೇಳಿ ನೋಡಿ. ಅವರ ಉತ್ತರಗಳನ್ನು ಇಲ್ಲಿ ಹಂಚಿಕೊಂಡರೆ ನಾನೂ ಓದಲು ಕಾಯುತ್ತಿರುತ್ತೇನೆ.